ರುಸ್ತುಮನ ವೇಷ ಧರಿಸಿದ ವಕೀಲರು
ಹೊಸಪೇಟೆಯಿಂದ ಹಂಪೆಗೆ ಹೋಗುವ ದಾರಿಯಲ್ಲಿ ಹಾಳುಬಿದ್ದ ಕೋಟೆಗೋಡೆಗಳು ಕಂಡೊಡನೆ ನನಗೆ ನೆನಪಾಗುವವರು ಅರಸರಲ್ಲ, ಶ್ರೋತೃಗಳೇ. ಬಳ್ಳಾರಿಯ ಇಬ್ಬರು ವಕೀಲರು. ಕೋಲಾಚಲಂ ಶ್ರೀನಿವಾಸರಾಯರು ವಿಜಯನಗರದ ಪತನವನ್ನೇ ವಸ್ತುವಾಗಿಸಿಕೊಂಡು ತೆಲುಗಿನಲ್ಲಿ ‘ರಾಮರಾಜು ಚರಿತ್ರ’ ನಾಟಕವನ್ನು ರಚಿಸಿದರು. ಅದರಲ್ಲಿ ತಾಡಪತ್ರಿಯ ರಾಘವಾಚಾರ್ಯರು, ಅಂದರೆ ನಮ್ಮ ಬಳ್ಳಾರಿ ರಾಘವರು (1880–1946), ಪಠಾಣ ರುಸ್ತುಮನಾಗಿ ಹೆಸರಾದರು. 1565ರ ನೋವು ಮಾಸದ ಈ ಸೀಮೆಯಲ್ಲಿ ನಟನೊಬ್ಬನು ರಾಯನ ಪಾತ್ರದಿಂದಲ್ಲ, ಪಠಾಣನ ಪಾತ್ರದಿಂದ ಕೀರ್ತಿವಂತನಾದದ್ದು ಸಣ್ಣ ಮಾತಲ್ಲ.

ಪದ್ಯವನ್ನು ರಾಗವೆಳೆದು ಹಾಡುವುದೇ ನಟನೆಯೆಂದು ತಿಳಿದಿದ್ದ ಕಾಲದಲ್ಲಿ ಅವರು ಮಾತಿಗೂ ಮುಖಭಾವಕ್ಕೂ ಮಹತ್ತ್ವವಿತ್ತರು. ತೆಲುಗು, ಕನ್ನಡ, ಇಂಗ್ಲಿಷ್ ಮೂರರಲ್ಲೂ ಅಭಿನಯಿಸಿದರು. ಸ್ತ್ರೀಪಾತ್ರಗಳನ್ನು ಸ್ತ್ರೀಯರೇ ವಹಿಸಬೇಕೆಂದು ವಾದಿಸಿದರು; ನ್ಯಾಯಾಲಯದ ವಾದಕ್ಕಿಂತ ಅದು ಕಠಿನವಾಗಿದ್ದಿರಬೇಕು!

ಚಿತ್ರರಂಗವು ಕರೆದಾಗ ಅವರಿಗೆ ಐವತ್ತು ದಾಟಿತ್ತು. 1936ರ ‘ದ್ರೌಪದೀ ಮಾನಸಂರಕ್ಷಣಂ’, 1939ರ ‘ರೈತುಬಿಡ್ಡ’, 1940ರ ‘ಚಂಡಿಕ’. ಇವುಗಳಲ್ಲಿ ‘ರೈತುಬಿಡ್ಡ’ ಜಮೀನ್ದಾರಿಯ ವಿರುದ್ಧ ದನಿಯೆತ್ತಿ ಜಮೀನ್ದಾರರ ಕೋಪಕ್ಕೆ ಗುರಿಯಾಯಿತು. ಆದರೂ ಈ ಮೂರರಿಂದಲೇ ರಾಘವರನ್ನು ಅಳೆಯುವುದು ಅನ್ಯಾಯವೆಂದು ನನ್ನ ಭಾವನೆ. ಅವರ ರುಸ್ತುಮನು ಬೆಳ್ಳಿತೆರೆಗೆ ಬರಲಿಲ್ಲ. ಕಂಡವರೂ ಈಗ ಉಳಿದಿಲ್ಲ. ಬಳ್ಳಾರಿಯಲ್ಲಿ ಅವರ ಹೆಸರಿನ ಕಲಾಮಂದಿರವಿದೆ.