ತಡ ಮಾಡಿದವರು ಯಾರು?

ಅರಳಸುರಳಿ ಕಡೆಯ ಒಂದು ಕೇರಿಯಲ್ಲಿ ಅಜ್ಜನೊಬ್ಬ ಗೊಬ್ಬರದ ಚೀಲ ಬಿಚ್ಚಿ, ಪ್ಲಾಸ್ಟಿಕ್ಕಿನಲ್ಲಿ ಸುತ್ತಿಟ್ಟ ಕಾಗದಗಳನ್ನು ನನ್ನ ಮುಂದೆ ಹರವಿದ. ನಮ್ಮ ಮಳೆಯಲ್ಲಿ ಕಾಗದ ಉಳಿಸಿಕೊಳ್ಳುವುದೇ ಒಂದು ಬೇಸಾಯ. ಅಡಿಯಲ್ಲಿ 1991ರ ಫಾರಂ 50, ಮೇಲೆ ಹೈಕೋರ್ಟಿನ ಆದೇಶ. ಇಂಗ್ಲಿಷಿನಲ್ಲಿತ್ತು, ಓದಿ ಹೇಳಿದೆ.

"ಕೋರ್ಟು ಎಂತ ಹೇಳ್ತು ಮಗ? ಜಾಗ ನಂದು ಅಂತಾ?"

"ಇಲ್ಲ ಅಜ್ಜ. ನಿಮ್ಮ ಅರ್ಜಿನ ಮೂರು ತಿಂಗಳೊಳಗೆ ಪರಿಗಣಿಸಿ ಅಂತ."

"ಅಂದ್ರೆ?"

"ಕೊಡ್ತೀವಿ ಅಂತಲೋ ಇಲ್ಲ ಅಂತಲೋ ಹೇಳಿಬಿಡಿ ಅಂತ."

"ಅಷ್ಟಕ್ಕೆ ಬೆಂಗ್ಳೂರಿಗೆ ಹೋಗ್ಬೇಕಿತ್ತಾ?"

ನಮ್ಮ ಜಿಲ್ಲೆಯ ಭೂಮಿಯ ಚರಿತ್ರೆ ಬರೆಯುವವರೆಲ್ಲ 1951ರ ಕಾಗೋಡಿನಿಂದ ಶುರು ಮಾಡುತ್ತಾರೆ. ಮಾಡಲಿ. ಕೊಳಗದ ಅಳತೆಯ ಜಗಳ, ದೀವರ ಗೇಣಿದಾರರ ಹಠ, ಲೋಹಿಯಾ ಬಂಧನ, ಶಾಂತವೇರಿ ಗೋಪಾಲಗೌಡರು, ಎಲ್ಲವೂ ನಿಜ. ದೇವರಾಜ ಅರಸರ ಕಾಲದಲ್ಲಿ, 1974ರ ತಿದ್ದುಪಡಿಯಿಂದ ಗೇಣಿದಾರ ಒಡೆಯನಾದ. ಆದರೆ ನಮ್ಮವರಲ್ಲಿ ಬಹಳ ಜನ ಗೇಣಿದಾರರಲ್ಲ, ಆಳುಗಳು. ಫಾರಂ 7ಕ್ಕೆ ಗೇಣಿಯ ಗುರುತು ಬೇಕು. ಜೀತಕ್ಕಿದ್ದವನಿಗೆ ಗೇಣಿಚೀಟಿ ಕೊಡೋರು ಯಾರು?

ಆದರೂ ಆ ಕಾಯಿದೆಯ ಭೂನ್ಯಾಯಮಂಡಳಿ ಒಳ್ಳೆಯ ಕನಸೇ ಆಗಿತ್ತು. ಅಸಿಸ್ಟೆಂಟ್ ಕಮಿಷನರ್ ಅಧ್ಯಕ್ಷ. ನಾಲ್ವರು ಸದಸ್ಯರಲ್ಲಿ ಒಬ್ಬರಾದರೂ ಪರಿಶಿಷ್ಟರು. ವಕೀಲರಿಗೆ ಮೊದಲು ಪ್ರವೇಶವೇ ಇರಲಿಲ್ಲ. ಆ ನಿರ್ಬಂಧ ಕೋರ್ಟಿನಲ್ಲಿ ಬಿತ್ತು. ಮಂಡಳಿಯ ತೀರ್ಪಿಗೆ ಮೇಲ್ಮನವಿಯೂ ಇಲ್ಲದ್ದರಿಂದ ಸೋತ ಧಣಿಗಳು ರಿಟ್ ಹಿಡಿದು ಹೈಕೋರ್ಟಿಗೆ ನಡೆದರು. ವಿಚಾರಣೆ ಸರಿಯಾಗಿಲ್ಲ, ಕಾರಣ ಬರೆದಿಲ್ಲ ಎಂದು ಆದೇಶ ರದ್ದು; ಕಡತ ಮತ್ತೆ ಮಂಡಳಿಗೆ. 1986ರಲ್ಲಿ ಮೇಲ್ಮನವಿ ಪ್ರಾಧಿಕಾರಗಳು ಬಂದವು, 1990ರಲ್ಲಿ ಅವೂ ಹೋದವು, ಮತ್ತೆ ಹೈಕೋರ್ಟೇ. ಉಣ್ಣುವವನಿಗೆ ವಾಯಿದೆ ಚಿಂತೆಯಲ್ಲ, ಹಸಿದವನಿಗೆ ಒಂದೊಂದು ವಾಯಿದೆಯೂ ಒಂದೊಂದು ಮಳೆಗಾಲ.

ಗೇಣಿ ಸಿಗದವರಿಗೆ ಉಳಿದದ್ದು ಬಗರ್‌ಹುಕುಂ. ಫಾರಂ 50 ಆಯ್ತು, 53 ಆಯ್ತು, 2018ರಲ್ಲಿ 57 ಬಂತು. ಹಳೆಯ ಅರ್ಜಿ ತೀರ್ಮಾನವಾಗದೆ ಕೂತಿರುವಾಗಲೇ ಹೊಸ ಫಾರಂ ಹಂಚುವುದು ಸರ್ಕಾರಕ್ಕೆ ಸುಲಭದ ಪುಣ್ಯ. ಕೂತ ಅರ್ಜಿಗೆ ಕೋರ್ಟಿನಲ್ಲಿರುವ ಮದ್ದು ಸಂವಿಧಾನದ 226ನೇ ವಿಧಿಯ ಮ್ಯಾಂಡಮಸ್. ಅಧಿಕಾರಿಯ ಕೆಲಸವನ್ನು ಕೋರ್ಟು ಸಾಮಾನ್ಯವಾಗಿ ತಾನೇ ಮಾಡುವುದಿಲ್ಲ, ಮಾಡು ಅನ್ನುತ್ತದೆ. ಅಷ್ಟನ್ನು ಅನ್ನಿಸಲು ಅಜ್ಜ 300 ಕಿಲೋಮೀಟರಿಗೂ ಆಚೆ ಹೋಗಿಬಂದ. (2011ರ ಸಕಾಲ ಕಾಯಿದೆ ತಡಕ್ಕೂ ಒಂದು ದರ ಕಟ್ಟಿತು: ದಿನಕ್ಕೆ 20 ರೂಪಾಯಿ, ಹೆಚ್ಚೆಂದರೆ 500. ನಮ್ಮ ಒಂದು ದಿನದ ಕೂಲಿಗೂ ಅವರ ಇಡೀ ತಡಕ್ಕೂ ಅಂಥ ಅಂತರವೇನಿಲ್ಲ.)

ಇದು ಕಚೇರಿಯ ತಡ. ಈಗ ನಮ್ಮ ತಡ ನೋಡಿ. ಪರಿಶಿಷ್ಟರಿಗೆ ಮಂಜೂರಾದ ಜಮೀನು ಷರತ್ತು ಮುರಿದು ಕೈತಪ್ಪಿದ್ದರೆ ಅದನ್ನು ವಾಪಸ್ ಕೊಡಿಸಲು 1978ರ ಪಿಟಿಸಿಎಲ್ ಕಾಯಿದೆ ಬಂತು. 1984ರಲ್ಲಿ ಮಂಚೇಗೌಡ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಅದನ್ನು ಎತ್ತಿಹಿಡಿಯಿತು. ಅರ್ಜಿ ಹಾಕಲು ಕಾಯಿದೆಯಲ್ಲಿ ಗಡುವು ಇರಲಿಲ್ಲ. 2017ರಲ್ಲಿ, ನೆಕ್ಕಂಟಿ ರಾಮಲಕ್ಷ್ಮಿ ಪ್ರಕರಣದಲ್ಲಿ, ಅದೇ ಸುಪ್ರೀಂ ಕೋರ್ಟು ಸುಮಾರು 25 ವರ್ಷ ತಡವಾಗಿ ಬಂದ ಅರ್ಜಿಯನ್ನು ಒಪ್ಪಲಿಲ್ಲ. ನ್ಯಾಯೋಚಿತ ಅವಧಿಯೊಳಗೆ ಬರಬೇಕಿತ್ತು ಎಂದಿತು. ಆಮೇಲೆ ಎಷ್ಟೋ ಅರ್ಜಿಗಳು ಆ ಒಂದು ಮಾತಿಗೆ ಬಿದ್ದವು. 2023ರಲ್ಲಿ ವಿಧಾನಮಂಡಲ ಕಾಲಮಿತಿ ಇಲ್ಲವೆಂದು ತಿದ್ದಿತು. ಕಾಲಮಿತಿ ಬೇರೆ, ಅತಿ ವಿಳಂಬ ಬೇರೆ ಎಂದು 2024ರಲ್ಲಿ ಹೈಕೋರ್ಟು ಹೇಳಿತು.

ತಡವಾಗಿ ಕೊಂಡವನೂ ಪಾಪ ಹಣ ಕೊಟ್ಟಿರುತ್ತಾನೆ ಎಂಬ ವಾದ ನನಗೆ ಗೊತ್ತು. ಸುಳ್ಳಲ್ಲ. ಆದರೆ ಧಣಿಯ ಅಂಗಳದಲ್ಲೇ ಗುಡಿಸಲಿದ್ದವನು ಧಣಿಯ ಮೇಲೆ ಅರ್ಜಿ ಹಾಕಲು ತಗೊಂಡ 25 ವರ್ಷವನ್ನು ಯಾವ ಕ್ಯಾಲೆಂಡರಿನಿಂದ ಎಣಿಸುವುದು? ನಮ್ಮ ವಿಮರ್ಶಕರು ಕಾದಂಬರಿಗಳ ಕಾಲಪ್ರಜ್ಞೆ ಬಗ್ಗೆ ಪುಟಗಟ್ಟಲೆ ಬರೆದಿದ್ದಾರೆ. ಒಂದು ಕಡತದ ಕಾಲಪ್ರಜ್ಞೆಯನ್ನೂ ಓದಲಿ.

ಅಜ್ಜನ ಮೂರು ತಿಂಗಳು ಯಾವಾಗಲೋ ಮುಗಿದಿತ್ತು. ಕಚೇರಿಯಿಂದ ಉತ್ತರವಿಲ್ಲ. ಹೀಗಾದಾಗ ನ್ಯಾಯಾಂಗ ನಿಂದನೆ ಅರ್ಜಿ ಹಾಕಬಹುದು, ಆದರೆ 1971ರ ಕಾಯಿದೆ ಪ್ರಕಾರ ಒಂದು ವರ್ಷದೊಳಗೆ. ನಾನು ತಾರೀಖು ಎಣಿಸಿದೆ. ಗಡುವು ಮುಗಿದು ಹನ್ನೊಂದು ತಿಂಗಳಾಗಿತ್ತು. "ಅಜ್ಜ, ನಾಳೆನೇ ಹೊರಡಬೇಕು" ಅಂದೆ.

"ನಾಳೆ ನಾಟಿ ಐತಲ್ಲ ಮಗ" ಅಂದ.