ನಿಯೆ ಅರ್: ಚೀನೀ ಚಿತ್ರಗೀತೆಯ ಹೊಸ ದನಿ

ಚೀನೀ ಚಲನಚಿತ್ರ ಸಂಗೀತದ ಪ್ರವರ್ತಕರಲ್ಲಿ ಪ್ರಮುಖರಾದ ನಿಯೆ ಅರ್ 1912ರಲ್ಲಿ ಯುನ್ನಾನ್ ಪ್ರಾಂತ್ಯದ ಕುನ್‌ಮಿಂಗ್‌ನಲ್ಲಿ ಜನಿಸಿದರು. 1930ರಲ್ಲಿ ಶಾಂಘೈಗೆ ಬಂದು, ಮರುವರ್ಷ ಲಿ ಜಿನ್‌ಹುಯಿ ಅವರ ಹಾಡು-ನೃತ್ಯ ತಂಡದಲ್ಲಿ ಪಿಟೀಲು ವಾದಕರಾದರು. ಅದೇ ವರ್ಷ ಜಪಾನ್ ಮಂಚೂರಿಯಾವನ್ನು ಆಕ್ರಮಿಸಿತು. ಆ ಬಳಿಕ ನಿಯೆ ಅವರ ಮನಸ್ಸು ಮನರಂಜನೆಯ ಹಾಡುಗಳಿಂದ ದುಡಿಯುವವರ ಬದುಕಿನತ್ತ ಹೊರಳಿತು. 1933ರಲ್ಲಿ ಅವರು ಕಮ್ಯುನಿಸ್ಟ್ ಪಕ್ಷ ಸೇರಿದರು.

ಚೀನಾದಲ್ಲಿ ಮಾತಿನ ಚಿತ್ರಗಳು ಆಗತಾನೇ ಬೇರೂರುತ್ತಿದ್ದವು. ನಿರ್ದೇಶಕ ಸನ್ ಯು ಅವರ 1934ರ ‘ದೊಡ್ಡ ರಸ್ತೆ’ ಚಿತ್ರಕ್ಕೆ ನಿಯೆ ರಚಿಸಿದ ಗೀತೆಗಳು ರಸ್ತೆ ಕಾರ್ಮಿಕರ ದುಡಿಮೆಯ ಲಯವನ್ನೇ ಆಧರಿಸಿದ್ದವು. 1935ರಲ್ಲಿ ಟಿಯಾನ್ ಹಾನ್ ಬರೆದ ಸಾಹಿತ್ಯಕ್ಕೆ ಅವರು ರಾಗ ಹಾಕಿದ ‘ಸ್ವಯಂಸೇವಕರ ನಡೆಗೀತೆ’ಯನ್ನು ‘ಸಂಕಷ್ಟ ಕಾಲದ ಮಕ್ಕಳು’ ಚಿತ್ರದಲ್ಲಿ ಅಳವಡಿಸಲಾಯಿತು. ಅದೇ ವರ್ಷದ ಜುಲೈನಲ್ಲಿ ಜಪಾನಿನ ಫುಜಿಸಾವಾ ಕಡಲಲ್ಲಿ ಈಜುವಾಗ ಮುಳುಗಿ, 23ನೇ ವಯಸ್ಸಿನಲ್ಲಿ ಅವರು ತೀರಿಕೊಂಡರು. 1949ರಲ್ಲಿ ಆ ಚಿತ್ರಗೀತೆಯೇ ಚೀನಾದ ರಾಷ್ಟ್ರಗೀತೆಯಾಗಿ ಆಯ್ಕೆಯಾಯಿತು.