ಲಗಾಮಿಲ್ಲದ ಬಂಡಿ

ಹೈದರಾಬಾದಿನ ಕೊಂಡಾಪುರದಲ್ಲಿರುವ ನನ್ನ ಅಕ್ಕನ ಮಗನಿಗೆ ಈ ಚಳಿಗಾಲ ನಾರ್ವೆಗೆ ಹೋಗುವ ಹುಚ್ಚು ಹಿಡಿದಿದೆ. ಟ್ರಾಮ್ಸೊ ಅಂತ ಒಂದು ಊರು, ಆರ್ಕ್ಟಿಕ್ ವೃತ್ತದ ಒಳಗೇ ಇದೆ. ಡಿಸೆಂಬರಿನಲ್ಲಿ ಅಲ್ಲಿ ಸೂರ್ಯನೇ ಹುಟ್ಟುವುದಿಲ್ಲ. "ಮಾಮ, ಅಲ್ಲಿ ನಾಯಿ ಕಟ್ಟಿದ ಗಾಡಿ ನಾವೇ ಓಡಿಸಬಹುದಂತೆ. ಅರ್ಧ ಗಂಟೆ ಪಾಠ ಹೇಳಿ ನಮ್ಮ ಕೈಗೇ ಕೊಟ್ಟುಬಿಡ್ತಾರಂತೆ" ಅಂದ. "ಲಗಾಮು ಹಿಡಿಯೋದು ಎಲ್ಲಿಂದಲೋ?" ಅಂತ ಕೇಳಿದೆ. "ಲಗಾಮೇ ಇಲ್ಲ ಮಾಮ" ಅಂದುಬಿಟ್ಟ.

ನಾನು ಚಳ್ಳಕೆರೆ ಕಡೆಯವನು. ಹುಟ್ಟಿದ್ದು ಎತ್ತಿನ ಗಾಡಿಯ ಊರಿನಲ್ಲಿ. ಲಗಾಮಿಲ್ಲ, ಮೂಗುದಾರವಿಲ್ಲ, ಹಗ್ಗ ಜಗ್ಗುವ ಹಾಗಿಲ್ಲ ಅಂದರೆ ಅದೆಂಥ ಬಂಡಿ? ಹದಿನೈದು ದಿನ ಪುಸ್ತಕ, ಇಂಟರ್‌ನೆಟ್ಟು ಅಂತ ಕೆದಕುತ್ತಾ ಕೂತೆ. ಸಿಕ್ಕಿದ್ದು ಇಷ್ಟು ದೊಡ್ಡದಾಗಿರುತ್ತೆ ಅಂತ ಅಂದುಕೊಂಡಿರಲಿಲ್ಲ.

ಮೊದಲು ಓಡಿಸುವ ವಿಷಯ. ಬಂಡಿಗೆ ಚಕ್ರವಿಲ್ಲ, ಎರಡು ಉದ್ದನೆಯ ಜಾರುಪಟ್ಟಿಗಳು ಮಾತ್ರ. ಓಡಿಸುವವನು ಕೂರುವುದಿಲ್ಲ, ಆ ಪಟ್ಟಿಗಳ ಹಿಂಬದಿಯ ತುದಿಯಲ್ಲಿ ನಿಂತಿರುತ್ತಾನೆ. ಕಾಲಿನಿಂದ ತುಳಿದರೆ ಹಿಮಕ್ಕೆ ಕಚ್ಚುವ ಹಲ್ಲುಗಳ ಬ್ರೇಕು ಒಂದಿದೆ. ನಿಲ್ಲಿಸಿದ ಮೇಲೆ ಹಿಮಕ್ಕೆ ತುಳಿದು ಕೂರಿಸಲು ಹಡಗಿನ ಲಂಗರಿನಂಥ ಕೊಕ್ಕೆ. ಮುಗಿಯಿತು. ಎಡ, ಬಲ ಎಲ್ಲಾ ಬಾಯಿಮಾತಿನಲ್ಲಿ. 'ಜೀ' ಅಂದರೆ ಬಲಕ್ಕೆ, 'ಹಾ' ಅಂದರೆ ಎಡಕ್ಕೆ. ಇವೆರಡೂ ನಾಯಿಗಾಗಿ ಹುಟ್ಟಿದ ಶಬ್ದಗಳಲ್ಲ, ಇಂಗ್ಲಿಷ್ ರೈತರು ಎತ್ತು ಕುದುರೆಗಳಿಗೆ ಕೂಗುತ್ತಿದ್ದವು. ಹೊಲದಿಂದ ಹಿಮಕ್ಕೆ ವಲಸೆ ಹೋದ ಪದಗಳು! ಕಲಿಯಲು ಬಂದವರಿಗೆ ಎಲ್ಲಕ್ಕಿಂತ ಮೊದಲು ಹೇಳುವ ಪಾಠ ಒಂದೇ: ಏನೇ ಆಗಲಿ ಹಿಡಿ ಬಿಡಬೇಡಿ. ನೀವು ಬಿದ್ದಿರಿ ಅಂತ ನಾಯಿಗಳು ನಿಲ್ಲುವುದಿಲ್ಲ. ಅವಕ್ಕೆ ಓಡುವುದೇ ಬೇಕು.

ನಾಯಿಗಳಲ್ಲೂ ಹುದ್ದೆಗಳಿವೆ. ಮುಂದಿನದು ಮುಂದಾಳು, ಮಾತು ಅರ್ಥವಾಗಬೇಕಾದ್ದು ಅದಕ್ಕೆ. ಅದರ ಹಿಂದಿನ ಜೋಡಿ ತಿರುವಿನಲ್ಲಿ ಸಾಲನ್ನು ಎಳೆದು ತರುತ್ತದೆ. ಬಂಡಿಗೆ ಹತ್ತಿರದ ಜೋಡಿ ಭಾರ ಹೊರುವ ಗಟ್ಟಿಗರು. ಒಳ್ಳೆಯ ಮುಂದಾಳುವಿನ ಲಕ್ಷಣ ಏನು ಗೊತ್ತಾ? ಯಜಮಾನ ಮುಂದಕ್ಕೆ ಹೋಗು ಅಂದರೂ, ಕಾಲಡಿಯ ಮಂಜುಗಡ್ಡೆ ತೆಳುವಾಗಿದ್ದರೆ ಹೋಗದೆ ನಿಲ್ಲುವುದು! ಲಗಾಮು ಯಾಕಿಲ್ಲ ಅನ್ನುವುದಕ್ಕೆ ನನಗೆ ಉತ್ತರ ಸಿಕ್ಕಿದ್ದು ಇಲ್ಲಿ. ಬಿರುಗಾಳಿಯಲ್ಲಿ ಮುಂದೇನಿದೆ ಅಂತ ಹಿಂದೆ ನಿಂತವನಿಗೆ ಕಾಣುವುದೇ ಇಲ್ಲವಲ್ಲ, ಜಗ್ಗಿ ಏನು ಮಾಡುತ್ತಾನೆ?

ಇದು ಎಷ್ಟು ಹಳೆಯ ವಿದ್ಯೆ ಅಂದರೆ, ಸೈಬೀರಿಯಾದ ಉತ್ತರಕ್ಕಿರುವ ಜೋಖೋವ್ ಎಂಬ ದ್ವೀಪದಲ್ಲಿ ಸುಮಾರು 9,000 ವರ್ಷ ಹಿಂದಿನ ಜಾರುಬಂಡಿಯ ಭಾಗಗಳೂ ನಾಯಿಗಳ ಮೂಳೆಗಳೂ ಸಿಕ್ಕಿವೆ. ಅಲ್ಲಿಯ 9,500 ವರ್ಷ ಹಿಂದಿನ ಒಂದು ನಾಯಿಯ ಡಿಎನ್ಎ ಓದಿದ ವಿಜ್ಞಾನಿಗಳು, ಇವತ್ತಿನ ಬಂಡಿ ನಾಯಿಗಳು, ಅದರಲ್ಲೂ ಗ್ರೀನ್‌ಲ್ಯಾಂಡಿನವು, ಅದರ ಹತ್ತಿರದ ನಂಟರು ಅಂತ 2020ರಲ್ಲಿ ಪ್ರಕಟಿಸಿದರು. ಸೀಲ್ ಪ್ರಾಣಿಯ ಕೊಬ್ಬು ತಿಂದು ಬೆಳೆದ ವಂಶ ಇದು. ಬೇಸಾಯಗಾರರ ಜೊತೆ ಬಾಳಿದ ನಾಯಿಗಳಿಗೆ ಗಂಜಿ ಅನ್ನ ಅರಗಿಸುವ ಶಕ್ತಿ ಬಂದ ಹಾಗೆ ಇವಕ್ಕೆ ಬರಲಿಲ್ಲ. ನಮ್ಮ ಅಪಾರ್ಟ್‌ಮೆಂಟಿನ ನಾಲ್ಕನೇ ಮಹಡಿಯಲ್ಲಿ ಒಂದು ಹಸ್ಕಿ ಇದೆ, ದಿನಾ ಮೊಸರನ್ನ. ಪಾಪ!

ಹಸ್ಕಿ ಅಂತ ನಾವು ಕರೆಯುವ ಸೈಬೀರಿಯನ್ ತಳಿ ಚುಕ್ಚಿ ಎಂಬ ಜನಾಂಗದವರು ಸಾಕಿದ್ದು. 1908ರಲ್ಲಿ ಗೂಸಾಕ್ ಎಂಬ ವ್ಯಾಪಾರಿ ಇವನ್ನು ಬೇರಿಂಗ್ ಜಲಸಂಧಿ ದಾಟಿಸಿ ಅಲಾಸ್ಕಾದ ನೋಮ್ ಪಟ್ಟಣಕ್ಕೆ ತಂದ. ಚಿನ್ನದ ಆಸೆಗೆ ಎದ್ದ ಊರು ಅದು. ಅಲ್ಲಿಯ ದೊಡ್ಡ ದೊಡ್ಡ ನಾಯಿಗಳ ಮುಂದೆ ಈ ಸಣ್ಣ ಮೈಯವನ್ನು ನೋಡಿ ಜನ ನಕ್ಕರಂತೆ. ಲಿಯೊನಾರ್ಡ್ ಸೆಪ್ಪಾಲ ಎಂಬ ನಾರ್ವೆಯವನು ಇವುಗಳನ್ನು ಪಳಗಿಸಿ ಪಂದ್ಯದ ಮೇಲೆ ಪಂದ್ಯ ಗೆದ್ದ ಮೇಲೆ ನಗು ನಿಂತಿತು.

ನಗು ನಿಂತದ್ದಲ್ಲ, ಕೈ ಮುಗಿಯುವಂತಾದದ್ದು 1925ರ ಜನವರಿಯಲ್ಲಿ. ನೋಮ್‌ನಲ್ಲಿ ಮಕ್ಕಳಿಗೆ ಗಂಟಲಮಾರಿ ಬಂತು. (ಡಿಫ್ತೀರಿಯಾ. ನಮ್ಮ ಅಜ್ಜಿಯ ಕಾಲದ ಮನೆಗಳಲ್ಲಿ ಈ ಹೆಸರು ತೆಗೆದರೆ ಸಾಕು, ಮಾತು ನಿಲ್ಲುತ್ತಿತ್ತು.) ಊರಿಗೆ ಇದ್ದವನು ಒಬ್ಬನೇ ವೈದ್ಯ, ಕರ್ಟಿಸ್ ವೆಲ್ಚ್. ಅವನ ಬಳಿ ಇದ್ದ ಔಷಧಿಯ ಅವಧಿ ಮುಗಿದಿತ್ತು. ಸಮುದ್ರ ಹೆಪ್ಪುಗಟ್ಟಿ ಹಡಗಿಲ್ಲ. ಇದ್ದ ಒಂದೆರಡು ವಿಮಾನಗಳು ಮೇಲೆ ಚಾವಣಿಯೇ ಇಲ್ಲದಂಥವು, ಚಳಿಗಾಲಕ್ಕೆಂದು ಬಿಚ್ಚಿಟ್ಟಿದ್ದರು. ಆಂಕರೇಜ್ ಊರಿನ ಆಸ್ಪತ್ರೆಯಲ್ಲಿ 3 ಲಕ್ಷ ಯೂನಿಟ್ ಸೀರಮ್ ಸಿಕ್ಕಿತು. ರೈಲಿನಲ್ಲಿ ನೆನಾನ ತನಕ ತಂದರು. ಅಲ್ಲಿಂದ ನೋಮ್‌ಗೆ 1,085 ಕಿಲೋಮೀಟರ್, ರೈಲಿಲ್ಲ, ರಸ್ತೆಯಿಲ್ಲ. ಟಪಾಲು ನಾಯಿ ಬಂಡಿಗೆ ಸಾಧಾರಣವಾಗಿ ಮೂರು ವಾರಕ್ಕೂ ಮಿಗಿಲಾದ ದಾರಿ.

20 ಮಂದಿ, ಸುಮಾರು 150 ನಾಯಿಗಳು. ಒಬ್ಬನಿಂದ ಒಬ್ಬನಿಗೆ ದಾಟಿಸುತ್ತಾ, ಮೈನಸ್ 40 ಡಿಗ್ರಿಗೂ ಕೆಳಗಿನ ಚಳಿಯಲ್ಲಿ ಐದೂವರೆ ದಿನದಲ್ಲಿ ಮುಟ್ಟಿಸಿದರು. ಅವರಲ್ಲಿ ಹೆಚ್ಚಿನವರು ಅಲ್ಲಿಯ ಮೂಲನಿವಾಸಿಗಳು, ದಿನಾ ಅದೇ ದಾರಿಯಲ್ಲಿ ಟಪಾಲು ಹೊರುತ್ತಿದ್ದವರು. ಪತ್ರಿಕೆಗಳಲ್ಲಿ ಅವರ ಹೆಸರುಗಳು ಮಿಂಚಲಿಲ್ಲ. ಸೆಪ್ಪಾಲ ತನ್ನ 12 ವರ್ಷದ ಮುದಿ ನಾಯಿ ಟೋಗೋವನ್ನು ಮುಂದಿಟ್ಟುಕೊಂಡು ಎದುರು ಹೋಗಿ ಔಷಧಿ ತೆಗೆದುಕೊಂಡು, ಹೆಪ್ಪುಗಟ್ಟಿದ ನಾರ್ಟನ್ ಕೊಲ್ಲಿಯ ಮೇಲೆಯೇ ಮರಳಿದ. ಹೋಗಿ ಬರುವುದು ಸೇರಿ ಸುಮಾರು 420 ಕಿಲೋಮೀಟರ್, ಬೇರೆ ಯಾವ ತಂಡವೂ ಅದರ ಹತ್ತಿರಕ್ಕೆ ಬಂದಿಲ್ಲ. ಆದರೆ ಫೆಬ್ರವರಿ 2ರ ನಸುಕಿನಲ್ಲಿ ನೋಮ್ ಪ್ರವೇಶಿಸಿದ್ದು ಗುನ್ನಾರ್ ಕಾಸೆನ್ನನ ಬಂಡಿ, ಅದರ ಮುಂದಾಳು ಬಾಲ್ಟೋ. ಅದೇ ವರ್ಷ ಡಿಸೆಂಬರಿನಲ್ಲಿ ನ್ಯೂಯಾರ್ಕಿನ ಸೆಂಟ್ರಲ್ ಪಾರ್ಕಿನಲ್ಲಿ ಬಾಲ್ಟೋನ ಕಂಚಿನ ಪ್ರತಿಮೆ ನಿಂತಿತು. ಕೊನೆಯ ಓವರಿನಲ್ಲಿ ಬೌಂಡರಿ ಹೊಡೆದವನಿಗೇ ಮ್ಯಾನ್ ಆಫ್ ದಿ ಮ್ಯಾಚ್, ಇದೇನು ಹೊಸದಲ್ಲ ಬಿಡಿ.

ಪ್ರತಿಮೆ ನಿಂತ ಎರಡೇ ವರ್ಷಕ್ಕೆ ಆ ಬಾಲ್ಟೋ ಎಲ್ಲಿತ್ತು ಅಂದರೆ, ಲಾಸ್ ಏಂಜಲೀಸಿನ ಒಂದು ಅಗ್ಗದ ಪ್ರದರ್ಶನದಲ್ಲಿ, ಕಾಸು ಕೊಟ್ಟು ನೋಡುವವರ ಮುಂದೆ ಸರಪಣಿಯಲ್ಲಿ. 1927ರಲ್ಲಿ ಜಾರ್ಜ್ ಕಿಂಬಲ್ ಎಂಬ ಕ್ಲೀವ್‌ಲ್ಯಾಂಡಿನ ವ್ಯಾಪಾರಿ ಅದನ್ನು ಕಂಡು ಮರುಗಿ, ತನ್ನ ಊರಿನಲ್ಲಿ ಚಂದಾ ಎತ್ತಿಸಿದ. ಶಾಲೆಯ ಮಕ್ಕಳು ಚಿಲ್ಲರೆ ಕೂಡಿಸಿದರು. ಬಾಲ್ಟೋ ಮತ್ತು ಉಳಿದಿದ್ದ ಸಂಗಾತಿಗಳು ಅಲ್ಲಿಯ ಮೃಗಾಲಯ ಸೇರಿದವು. 1933ರಲ್ಲಿ ಅದು ಸತ್ತಿತು. ಕೆಲಸ ಮುಗಿದ ಪ್ರಾಣಿಯ ಗತಿ ಏನು ಅನ್ನುವ ಪ್ರಶ್ನೆ ನನ್ನ ತಲೆಗೆ ಹೊಕ್ಕಿದ್ದು ಇದನ್ನು ಓದಿದಾಗ.

ದಕ್ಷಿಣ ಧ್ರುವದ ಕತೆ ಬಹಳ ಜನ ಬರೆದಿದ್ದಾರೆ, ಎರಡು ಮಾತಿನಲ್ಲಿ ಮುಗಿಸುತ್ತೇನೆ. 1911ರ ಡಿಸೆಂಬರ್ 14ರಂದು ಅಮುಂಡ್ಸೆನ್ ಮೊದಲು ಮುಟ್ಟಿದ್ದು ನಾಯಿಗಳ ಬಲದಿಂದ. ಹೊರಟಾಗ 52 ಇದ್ದವು, ಮರಳಿದಾಗ 11. ಉಳಿದವುಗಳಲ್ಲಿ ಹೆಚ್ಚಿನವನ್ನು ದಾರಿಯಲ್ಲಿ ಕೊಂದು ಜನರೂ ನಾಯಿಗಳೂ ತಿಂದರು, ಅದು ಮೊದಲೇ ಹಾಕಿದ ಲೆಕ್ಕ. ಕುದುರೆ, ಮೋಟಾರು ನಂಬಿ, ಕೊನೆಗೆ ತಾವೇ ಬಂಡಿ ಎಳೆದ ಸ್ಕಾಟ್ ತಂಡದ ಐವರೂ ಹಿಂದಿರುಗಲಿಲ್ಲ. ಮುಂದೆ ಅಂಟಾರ್ಕ್ಟಿಕಾದಲ್ಲಿ ಹೊರಗಿನ ಪ್ರಾಣಿ ಇರಕೂಡದು ಅಂತ ಒಪ್ಪಂದವಾಗಿ, 1994ರ ಹೊತ್ತಿಗೆ ಅಲ್ಲಿನ ಕೊನೆಯ ನಾಯಿಗಳೂ ಹೊರಟವು.

ಬಂಡಿ ನಾಯಿಗಳ ಕೆಲಸ ಕಿತ್ತುಕೊಂಡದ್ದು ಮಂಜಿನ ಸ್ಕೂಟರು. ಅದರ ಹಿಂದೆಯೂ ಒಂದು ಮಗು ಇದೆ. ಕೆನಡಾದ ಕ್ವಿಬೆಕ್‌ನ ಮೆಕ್ಯಾನಿಕ್ ಜೋಸೆಫ್ ಅರ್ಮಾಂ ಬೊಂಬಾರ್ಡಿಯೆ. 1934ರ ಚಳಿಗಾಲದಲ್ಲಿ ಅವನ ಎರಡು ವರ್ಷದ ಮಗ ಹೊಟ್ಟೆಯ ಸೋಂಕಿನಿಂದ ನರಳಿದಾಗ, ಹಿಮದಲ್ಲಿ ದಾರಿ ಮುಚ್ಚಿ ಆಸ್ಪತ್ರೆಗೆ ಒಯ್ಯಲಾಗದೆ ಮಗು ತೀರಿಹೋಯಿತು. ಆಮೇಲೆ ಅವನು ಹಿಮದ ಮೇಲೆ ಓಡುವ ಗಾಡಿಗಳನ್ನು ತಯಾರಿಸಿದ, 1959ರಲ್ಲಿ ಒಬ್ಬರಿಬ್ಬರು ಕೂರುವ ಸ್ಕೀ-ಡೂ ಬಂತು. (ದೆಹಲಿ ಮೆಟ್ರೋದ ಎಷ್ಟೋ ಬೋಗಿಗಳನ್ನು ಮಾಡಿದ್ದು ಇದೇ ಹೆಸರಿನ ಕಂಪನಿ.) ಹಾಗಾಗಿ ಯಂತ್ರವನ್ನು ಸುಮ್ಮನೆ ಬೈಯುವುದು ನನಗೆ ಆಗುವುದಿಲ್ಲ. ಇಲ್ಲಿ ಹೈದರಾಬಾದಿನಲ್ಲಿ ನಿಜಾಮರ ರೈಲ್ವೆಯವರು 1932ರಲ್ಲಿ 27 ಬಸ್ಸುಗಳನ್ನು ರಸ್ತೆಗಿಳಿಸಿದಾಗ ಜಟಕಾದವರು ಶಾಪ ಹಾಕಿರಬೇಕು. ಆದರೆ ನಡುರಾತ್ರಿ ಹೆರಿಗೆ ನೋವು ಬಂದರೆ ನಾವು ಯಾರಾದರೂ ಜಟಕಾ ಹುಡುಕುತ್ತೇವಾ?

ಆದರೆ ಉತ್ತರ ಕೆನಡಾದಲ್ಲಿ ನಡೆದದ್ದು ಬರೀ ಯಂತ್ರದ ಕೆಲಸವಲ್ಲ. 1950ರಿಂದ 70ರ ದಶಕದ ತನಕ, ಅಲೆಮಾರಿ ಇನ್ಯೂಟ್ ಜನರನ್ನು ಊರುಗಳಲ್ಲಿ ನೆಲೆ ನಿಲ್ಲಿಸುವಾಗ, ಬಿಡಾಡಿ ನಾಯಿ, ರೋಗ ಅಂತ ನೆಪ ಹೇಳಿ ಅವರ ಬಂಡಿ ನಾಯಿಗಳನ್ನು ಪೊಲೀಸರೂ ಅಧಿಕಾರಿಗಳೂ ಗುಂಡಿಟ್ಟು ಕೊಂದರು. ನಾಯಿ ಹೋದರೆ ಬೇಟೆ ಹೋಯಿತು. ಬೇಟೆ ಹೋದರೆ ಊಟಕ್ಕೆ ಸರ್ಕಾರಿ ಅಂಗಡಿಯ ಮುಂದೆ ನಿಲ್ಲಬೇಕು. ಕೆನಡಾ ಸರ್ಕಾರ ಒಂದು ಪ್ರದೇಶದವರ ಕ್ಷಮೆ ಕೇಳಿದ್ದು 2019ರಲ್ಲಿ, ನುನಾವಿಕ್ ಪ್ರದೇಶದವರ ಕ್ಷಮೆ ಕೇಳಿದ್ದು 2024ರ ನವೆಂಬರಿನಲ್ಲಿ. ಅಷ್ಟು ಹೊತ್ತಿಗೆ ನಾಯಿಗಳನ್ನು ಕಳೆದುಕೊಂಡವರಲ್ಲಿ ಎಷ್ಟೋ ಜನ ಇರಲಿಲ್ಲ.

ಅಲಾಸ್ಕಾದ ಹಳ್ಳಿಗಳಲ್ಲೂ ನಾಯಿಗಳು ಮಾಯವಾಗುವುದನ್ನು ಕಂಡ ಜೋ ರೆಡಿಂಗ್ಟನ್ ಎಂಬವನು 1973ರಲ್ಲಿ ಇಡಿಟರೋಡ್ ಎಂಬ ಪಂದ್ಯ ಶುರುಮಾಡಿದ, ಆಂಕರೇಜಿನಿಂದ ನೋಮ್‌ಗೆ ಸುಮಾರು 1,600 ಕಿಲೋಮೀಟರ್. ಕೆಲಸ ಹೋಯಿತು, ಆಟವಾದರೂ ಉಳಿಯಲಿ ಅಂತ. ಆಟದ ಹಿಂದೆ ಪ್ರವಾಸಿಗರು ಬಂದರು. ಇವತ್ತು ನನ್ನ ಅಳಿಯ ಕ್ರೋನ ಎಣಿಸುತ್ತಿರುವುದು ಅದಕ್ಕೇ. ಇದರಿಂದ ಸಾವಿರಾರು ನಾಯಿಗಳಿಗೆ ಓಟವೂ ಊಟವೂ ಸಿಕ್ಕಿದೆ, ನಿಜ. ಆದರೆ ಪ್ರವಾಸಿಗರು ಬಾರದ ವರ್ಷ? ಕೆನಡಾದ ವಿಸ್ಲರ್‌ನಲ್ಲಿ 2010ರ ಚಳಿಗಾಲದ ಒಲಿಂಪಿಕ್ಸ್ ಮುಗಿದು ಗಿರಾಕಿ ಇಳಿದಾಗ, ಬಾಡಿಗೆಗೆ ಬಂಡಿ ಬಿಡುವ ಕಡೆ ಹತ್ತಾರು ನಾಯಿಗಳನ್ನು ಕೊಂದು ಹೂತರು. ತನಿಖೆಯವರು ಅಗೆದಾಗ 50ಕ್ಕೂ ಹೆಚ್ಚು ಹೆಣ ಸಿಕ್ಕವು. ಆ ಮೇಲೆ ಆ ಪ್ರಾಂತ್ಯದ ಕಾನೂನು ಬಿಗಿಯಾಯಿತು.

ನಮ್ಮಲ್ಲಿ ಇಂಥದ್ದು ಇಲ್ಲವೇ ಅಂದರೆ, ಇದೆ. ನಾನು ಹುಟ್ಟಿದ ಊರಿನ ಪಕ್ಕದಲ್ಲೇ ಇತ್ತು. ಮೈಸೂರಿನ ಚಿಕ್ಕದೇವರಾಜ ಒಡೆಯರ ಕಾಲದಲ್ಲಿ ಅರಮನೆಯ ದನಗಳ ಇಲಾಖೆಗೆ 'ಬೆಣ್ಣೆ ಚಾವಡಿ' ಅಂತ ಹೆಸರು. ಟಿಪ್ಪು ಅದನ್ನು 'ಅಮೃತ್ ಮಹಲ್' ಮಾಡಿದ. ಹೆಸರು ಹಾಲುಬೆಣ್ಣೆಯದಾದರೂ ಪ್ರಸಿದ್ಧಿ ಎತ್ತುಗಳದ್ದು. ಉದ್ದ ಕೊಂಬು, ಬಿಗಿ ಮೈ, ಎತ್ತಿನ ಜಾತಿಯಲ್ಲೇ ಕುದುರೆ ಅನ್ನಿ. ಹೈದರಾಲಿ ಇವುಗಳ ಬಲದಿಂದ ಚಿದಂಬರದ ನೆರವಿಗೆ ಎರಡೂವರೆ ದಿನದಲ್ಲಿ 100 ಮೈಲಿ ನಡೆದನೆಂದು ಹಳೆಯ ಬರಹಗಳು ಹೇಳುತ್ತವೆ. ಸೋತರೂ ಶತ್ರುವಿನ ಕಣ್ಣೆದುರೇ ತೋಪುಗಳನ್ನು ಎಳೆದುಕೊಂಡು ಬರುತ್ತಿದ್ದನಂತೆ. 1799ರಲ್ಲಿ ಶ್ರೀರಂಗಪಟ್ಟಣ ಬಿದ್ದ ಮೇಲೆ ಇಂಗ್ಲಿಷರು ಈ ಹಿಂಡುಗಳನ್ನು ಬಿಡದೆ ವಶಮಾಡಿಕೊಂಡರು. ಮೇವಿಗೆಂದು ರಾಜ್ಯದುದ್ದಕ್ಕೂ ಕಾವಲುಗಳನ್ನು ಕಾದಿರಿಸಿದ್ದರು.

ಆಮೇಲೆ ಲಾರಿ ಬಂತು, ಟ್ರ್ಯಾಕ್ಟರ್ ಬಂತು. ಎತ್ತಿಗೆ ಕೆಲಸವಿಲ್ಲ ಅಂದಮೇಲೆ ಎತ್ತಿನ ಹುಲ್ಲುಗಾವಲು 'ಖಾಲಿ ಜಾಗ'ವಾಗಿ ಕಾಣಲು ಎಷ್ಟು ಹೊತ್ತು? ಚಳ್ಳಕೆರೆ ತಾಲ್ಲೂಕಿನ ಕುದಾಪುರ, ಉಳ್ಳಾರ್ತಿ ಕಡೆಯ ಕಾವಲುಗಳಲ್ಲಿ ಸುಮಾರು 10 ಸಾವಿರ ಎಕರೆಯನ್ನು ವಿಜ್ಞಾನ ಮತ್ತು ರಕ್ಷಣಾ ಸಂಸ್ಥೆಗಳಿಗೆ ಕೊಟ್ಟರು. ಅಲ್ಲಿ ಕುರಿ, ದನ ಮೇಯಿಸುತ್ತಿದ್ದ, ಕಂಬಳಿ ನೇಯುತ್ತಿದ್ದ ಹಳ್ಳಿಗಳವರು ಹಸಿರು ನ್ಯಾಯಮಂಡಳಿಯ ತನಕ ಹೋದರು. 2017ರಲ್ಲಿ ಅಲ್ಲಿ ಡಿಆರ್‌ಡಿಒದ ವಿಮಾನ ಪರೀಕ್ಷಾ ಕೇಂದ್ರ ಉದ್ಘಾಟನೆಯಾಯಿತು. ಹಾರಿಸಿ ನೋಡುವುದು ಒಳಗೆ ಪೈಲಟ್ ಇಲ್ಲದ ವಿಮಾನಗಳನ್ನು. ದೇಶಕ್ಕೆ ಅದು ಬೇಕು, ನನಗೂ ಗೊತ್ತು. ಆದರೂ ಊರಿಗೆ ಹೋದಾಗ ಬಸ್ಸಿನ ಕಿಟಕಿಯಿಂದ ಆ ಉದ್ದನೆಯ ಕಾಂಪೌಂಡು ಗೋಡೆ ಕಂಡರೆ ಹೊಟ್ಟೆಯಲ್ಲಿ ಏನೋ ಆಗುತ್ತದೆ.

ನಮ್ಮ ನಾಲ್ಕನೇ ಮಹಡಿಯ ಹಸ್ಕಿಯ ಸಂಗತಿ ಇನ್ನೂ ವಿಚಿತ್ರ. ಎತ್ತು ಕೆಲಸ ಕಳೆದುಕೊಂಡು ತನ್ನ ಊರಿನಲ್ಲಾದರೂ ಉಳಿಯಿತು. ಇದಕ್ಕೆ ಊರೂ ಇಲ್ಲ. ಎರಡು ಪದರದ ತುಪ್ಪಳ ಹೊತ್ತು ಹೈದರಾಬಾದಿನ 42 ಡಿಗ್ರಿಯಲ್ಲಿ, ಏಪ್ರಿಲ್ ಮೇ ತಿಂಗಳು ಎಸಿ ರೂಮಿನ ನೆಲಕ್ಕೆ ಹೊಟ್ಟೆಯೊತ್ತಿ ಮಲಗಿರುತ್ತದೆ. ಮಾರಾಟಕ್ಕೆ ಮರಿ ಹಾಕಿಸಲು ಹೊರದೇಶದ ನಾಯಿ ತರಿಸುವುದನ್ನು ಕೇಂದ್ರ ಸರ್ಕಾರ 2016ರಲ್ಲಿ ತಡೆಯಿತು. ಆದರೆ ಅಷ್ಟರಲ್ಲಿ ಇಲ್ಲೇ ಹುಟ್ಟಿದ ಮರಿಗಳೇ ಬೇಕಾದಷ್ಟಿದ್ದವು. ಬೆಳಿಗ್ಗೆ ಐದಕ್ಕೆ ಯಜಮಾನರು ವಾಕಿಂಗ್ ಕರೆದೊಯ್ಯುವಾಗ ಅದು ಎಳೆಯುವ ಎಳೆತ ನೋಡಬೇಕು! ಅವರು ಹಿಂದೆ ಜೋತುಬಿದ್ದ ಹಾಗೆ ಓಡುತ್ತಿರುತ್ತಾರೆ. ಎಳೆಯಬೇಡ ಅಂತ ಕಲಿಸಲು ತರಬೇತಿಗೂ ಸೇರಿಸಿದ್ದಾರೆ. 9,000 ವರ್ಷ ಎಳೆ ಅಂತ ಕಲಿಸಿದ್ದನ್ನು ತಿಂಗಳೊಪ್ಪತ್ತಿನಲ್ಲಿ ಮರೆಸಬೇಕಂತೆ.

ಅಮೃತ್ ಮಹಲ್ ತಳಿ ಪೂರ್ತಿ ಅಳಿದಿಲ್ಲ. ಅಜ್ಜಂಪುರದಲ್ಲಿ ಸರ್ಕಾರದ ತಳಿ ಸಂವರ್ಧನಾ ಕೇಂದ್ರವಿದೆ, ಬೀರೂರಿನಲ್ಲಿ ಹೋರಿಕರುಗಳ ಹರಾಜು ನಡೆಯುತ್ತದೆ. ಜೋಡಿಗೆ ಲಕ್ಷ ದಾಟುವುದೂ ಉಂಟು. ಹಾವೇರಿ, ಶಿಕಾರಿಪುರದ ಕಡೆಯಿಂದ ಬಂದು ಕೊಳ್ಳುವವರಲ್ಲಿ ನೇಗಿಲಿಗೆ ಬೇಕು ಅನ್ನುವವರು ಕಡಿಮೆ. ದೀಪಾವಳಿಯಾದ ಮೇಲೆ ಹೋರಿ ಹಬ್ಬ ಇದೆಯಲ್ಲ, ಕೊಬ್ಬರಿ ಹಾರ ಕಟ್ಟಿ ಜನರ ನಡುವೆ ಬಿಡುವುದು, ಅದಕ್ಕೆ. ಅಲ್ಲಿಯೂ ಮೂಗುದಾರ ಹಿಡಿಯುವವರಿರುವುದಿಲ್ಲ.